ಪೋಷಕ ನಟನ ಖಾತೆ: ಹಳೆಯ ಹಾಲಿವುಡ್ ಮುಖವೊಂದರ ಬೆನ್ನು ಹತ್ತುವವರಿಗೆ

ಕಲಬುರಗಿಯ ನೆಹರೂ ಗಂಜಿನ ಅಡತಿ ಅಂಗಡಿಗಳಲ್ಲಿ ತೊಗರಿಯ ಲೆಕ್ಕ ಬರೆಯುತ್ತಾರಲ್ಲ, ಆ ಕೆಂಪು ರಟ್ಟಿನ ಉದ್ದನೆಯ ಖಾತೆ ಪುಸ್ತಕ, ಅಂಥದ್ದೊಂದು ತಂದಿಟ್ಟುಕೊಳ್ಳಿ. 200 ಪುಟದ್ದು ಸಾಕು. 1930ರಿಂದ 1960ರವರೆಗಿನ ಹಾಲಿವುಡ್ ಚಿತ್ರಗಳಲ್ಲಿ ದುಡಿದ ಪೋಷಕ ನಟನೊಬ್ಬನ ವೃತ್ತಿಯನ್ನು ತಿಳಿಯಲು ಇದಕ್ಕಿಂತ ಒಳ್ಳೆಯ ಸಾಧನ ನಮಗೆ ಕಂಡಿಲ್ಲ. ನಾಯಕನ ಬಗ್ಗೆ ಪುಸ್ತಕಗಳಿರುತ್ತವೆ, ಸಂದರ್ಶನಗಳಿರುತ್ತವೆ. ಪೋಷಕ ನಟನದು ಚಿಲ್ಲರೆ ವ್ಯಾಪಾರ. ಇಲ್ಲಿ ನಾಲ್ಕು ನಿಮಿಷ, ಅಲ್ಲಿ ಎರಡು ಮಾತು, ಮತ್ತೊಂದು ಕಡೆ ಬಾಗಿಲು ತೆರೆದು ಬಂದವರ ಟೋಪಿ ಇಸಿದುಕೊಳ್ಳುವ ಕೆಲಸ. ಚಿಲ್ಲರೆ ಎಣಿಸದೆ ಗಂಟು ಎಷ್ಟೆಂದು ಗೊತ್ತಾಗುವುದಿಲ್ಲ.

ಪುಸ್ತಕದ ಜೊತೆಗೆ ಬೇಕಾದದ್ದು ಇಷ್ಟೇ: ಸ್ಟಾಪ್‌ವಾಚ್ ಇರುವ ಮೊಬೈಲು, ವಿಎಲ್‌ಸಿ ಪ್ಲೇಯರ್ ಹಾಕಿದ ಲ್ಯಾಪ್‌ಟಾಪು, ವಾರಕ್ಕೆ ಎರಡು ಸಂಜೆ. ಇಪ್ಪತ್ತು ಚಿತ್ರಗಳ ಖಾತೆಗೆ ಹತ್ತು ಹನ್ನೆರಡು ವಾರ ಹಿಡಿಯುತ್ತದೆ. ಒಂದೇ ವಾರದಲ್ಲಿ ಮುಗಿಸುವ ಹಟಕ್ಕೆ ಬಿದ್ದರೆ ನಾಲ್ಕನೆಯ ಚಿತ್ರದ ಹೊತ್ತಿಗೆ ನೋಡುವುದು ನಿಂತು ಎಣಿಸುವುದಷ್ಟೇ ಉಳಿಯುತ್ತದೆ.

ಮೊದಲ ಖಾತೆ ಯಾರದು

ಮೊದಲ ಸಲಕ್ಕೆ ವಾಲ್ಟರ್ ಬ್ರೆನನ್ ಬೇಡ. ಪೋಷಕ ನಟನಾಗಿ ಮೂರು ಆಸ್ಕರ್ ಗೆದ್ದವನು (1936ರ ‘ಕಮ್ ಅಂಡ್ ಗೆಟ್ ಇಟ್’, 1938ರ ‘ಕೆಂಟಕಿ’, 1940ರ ‘ದ ವೆಸ್ಟರ್ನರ್’), ಆಸೆಯಾಗುವುದು ಸಹಜ. ಆದರೆ ಅವನ ಚಿತ್ರಗಳು 200ಕ್ಕೂ ಮೇಲೆ, ಆರಂಭದ ವರ್ಷಗಳವು ಬಹುತೇಕ ಹೆಸರೇ ಇಲ್ಲದ ಪಾತ್ರಗಳು. ಖಾತೆ ಅರ್ಧಕ್ಕೇ ನಿಂತುಬಿಡುತ್ತದೆ. ಬೆಸ್ ಫ್ಲವರ್ಸ್ ಇನ್ನೂ ಕಷ್ಟ. ಔತಣದ ಸೀನುಗಳಲ್ಲಿ ಚೆಂದದ ಗೌನು ತೊಟ್ಟು ಹಿಂದಿನ ಮೇಜಿಗೆ ಕೂತಿರುತ್ತಿದ್ದ ಈಕೆಗೆ ‘ಎಕ್ಸ್‌ಟ್ರಾಗಳ ರಾಣಿ’ ಎಂದೇ ಹೆಸರು. ನೂರಾರು ಚಿತ್ರಗಳಲ್ಲಿ ಇದ್ದಾಳೆ, ಟೈಟಲ್ ಕಾರ್ಡಿನಲ್ಲಿ ಮಾತ್ರ ಕಾಣುವುದಿಲ್ಲ. ಆಕೆಯನ್ನು ಹುಡುಕುವುದೆಂದರೆ ತೊಗರಿ ರಾಶಿಯಲ್ಲಿ ಹೆಸರುಕಾಳು ಆರಿಸಿದ ಹಾಗೆ.

ಹೊಸಬರಿಗೆ ನಾವು ಹೇಳುವುದು ಥೆಲ್ಮಾ ರಿಟರ್. ಸಿನಿಮಾ ಬದುಕು 1947ರಿಂದ 1968ರವರೆಗೆ, ಚಿತ್ರಗಳು ಐವತ್ತನ್ನು ದಾಟುವುದಿಲ್ಲ. ಮೊದಲ ಚಿತ್ರ ‘ಮಿರಕಲ್ ಆನ್ 34ತ್ ಸ್ಟ್ರೀಟ್’ನಲ್ಲಿ ಮಗನ ಕೈ ಹಿಡಿದು ಅಂಗಡಿ ಅಂಗಡಿ ತಿರುಗಿ ಸುಸ್ತಾದ ತಾಯಿ. ಟೈಟಲ್‌ನಲ್ಲಿ ಹೆಸರಿಲ್ಲ. 1950ರಿಂದ 1962ರ ನಡುವಿನ ಚಿತ್ರಗಳಿಗೆ ಆರು ಸಲ ಆಸ್ಕರ್ ನಾಮನಿರ್ದೇಶನ, ಒಂದೂ ಗೆಲ್ಲಲಿಲ್ಲ. ಹೆಸರಿಲ್ಲದ ಪಾತ್ರ, ದೊಡ್ಡ ಪಾತ್ರ, ಒಂದೇ ಅಚ್ಚಿನ ಪಾತ್ರ, ಅಚ್ಚು ಮುರಿದ ಪಾತ್ರ, ಎಲ್ಲವೂ ಒಂದೇ ಖಾತೆಯಲ್ಲಿ ಸಿಗುತ್ತವೆ. ಇದಕ್ಕಿಂತ ಚಿಕ್ಕ ಖಾತೆ ಬೇಕೆನ್ನುವವರಿಗೆ ಸಿಡ್ನಿ ಗ್ರೀನ್‌ಸ್ಟ್ರೀಟ್. ರಂಗಭೂಮಿಯಲ್ಲಿ ಹಣ್ಣಾಗಿ 61ನೇ ವಯಸ್ಸಿನಲ್ಲಿ, 1941ರ ‘ದ ಮಾಲ್ಟೀಸ್ ಫಾಲ್ಕನ್’ನಿಂದ ಸಿನಿಮಾಕ್ಕೆ ಬಂದವನು. ಎಂಟು ವರ್ಷಗಳಲ್ಲಿ ಸುಮಾರು ಎರಡು ಡಜನ್ ಚಿತ್ರ ಮಾಡಿ ನಿಲ್ಲಿಸಿದ.

ಬೇರೆ ಯಾರನ್ನಾದರೂ ಆರಿಸುವುದಾದರೆ ಮೂರು ಸಂಗತಿ ನೋಡಿಕೊಳ್ಳಿ: ಕನಿಷ್ಠ 15 ಚಿತ್ರಗಳು ಒಳ್ಳೆಯ ಪ್ರಿಂಟಿನಲ್ಲಿ ಸಿಗಬೇಕು, ಎರಡಕ್ಕಿಂತ ಹೆಚ್ಚು ಸ್ಟುಡಿಯೋಗಳಲ್ಲಿ ದುಡಿದಿರಬೇಕು, ಹೆಸರಿರುವ ಪಾತ್ರವೂ ಹೆಸರಿಲ್ಲದ ಪಾತ್ರವೂ ಇರಬೇಕು.

ಖಾತೆಯ ಕಾಲಂಗಳು

ಎಡಗಡೆಯ ಪುಟದಲ್ಲಿ ವರ್ಷ, ಚಿತ್ರ, ಸ್ಟುಡಿಯೋ, ನಿರ್ದೇಶಕ, ಟೈಟಲ್ ಕಾರ್ಡಿನಲ್ಲಿ ಎಷ್ಟನೆಯ ಹೆಸರು, ಪಾತ್ರದ ಹೆಸರು. ಪಾತ್ರಕ್ಕೆ ಹೆಸರಿಲ್ಲದಿದ್ದರೆ ‘ವೇಟರ್’, ‘ಎರಡನೆಯ ಪೊಲೀಸ್’ ಎಂದು ಇದ್ದ ಹಾಗೇ ಬರೆಯಿರಿ. ಬಲಗಡೆ ಮೊದಲು ಕಾಣಿಸಿದ ಹೊತ್ತು, ಕೊನೆಗೆ ಕಾಣಿಸಿದ ಹೊತ್ತು, ಒಟ್ಟು ನಿಮಿಷ, ಎಷ್ಟು ಸೀನು, ಕೈಯಲ್ಲಿ ಏನಿತ್ತು, ಕತೆಯಲ್ಲಿ ಪಾತ್ರದ ಕೆಲಸ ಏನು. ಕೊನೆಯ ಕಾಲಂಗೆ ಉಳಿದವಕ್ಕಿಂತ ಎರಡು ಪಟ್ಟು ಜಾಗ ಬಿಡಿ. ಖಾತೆಯ ಜೀವ ಇರುವುದು ಅಲ್ಲಿ.

ವರ್ಷದ ಕಾಲಂನಲ್ಲೇ ಬಹಳ ಮಂದಿ ಎಡವುತ್ತಾರೆ. ‘ಕಾಸಾಬ್ಲಾಂಕಾ’ ನ್ಯೂಯಾರ್ಕ್‌ನಲ್ಲಿ ಮೊದಲು ತೆರೆಕಂಡದ್ದು 1942ರ ನವೆಂಬರ್‌ನಲ್ಲಿ, ಎಲ್ಲೆಡೆ ಬಿಡುಗಡೆಯಾದದ್ದು 1943ರ ಜನವರಿಯಲ್ಲಿ, ಆಸ್ಕರ್ ಬಂದದ್ದು 1944ರ ಮಾರ್ಚ್‌ನಲ್ಲಿ. ಮೂರು ಕಡೆ ಮೂರು ವರ್ಷ ಕಂಡು ಮೂರು ಚಿತ್ರಗಳ ಲೆಕ್ಕ ಹಾಕಿದವರೂ ಉಂಟು. ಮೊದಲ ಪ್ರದರ್ಶನದ ವರ್ಷ ಅಂತ ಒಂದು ನಿಯಮ ಮಾಡಿಕೊಂಡು ಕೊನೆತನಕ ಅದಕ್ಕೇ ಅಂಟಿಕೊಳ್ಳಿ.

ಸ್ಟುಡಿಯೋ ಕಾಲಂ ನೋಡಲು ಸಪ್ಪೆ, ಹೇಳುವುದು ಮಾತ್ರ ಬಹಳ. ಆಗಿನ ಕರಾರು ಸಾಮಾನ್ಯವಾಗಿ ಏಳು ವರ್ಷದ್ದು. ಆರು ತಿಂಗಳಿಗೋ ವರ್ಷಕ್ಕೋ ಒಮ್ಮೆ ಮುಂದುವರಿಸುವ ಅಥವಾ ಕೈಬಿಡುವ ಹಕ್ಕು ಸ್ಟುಡಿಯೋದ್ದು, ನಟನದಲ್ಲ. ವರ್ಷದ 52 ವಾರಗಳಲ್ಲಿ ಸಂಬಳ 40 ವಾರಕ್ಕೆ. ಸ್ಟುಡಿಯೋ ತನ್ನ ನಟನನ್ನು ಬೇರೆಯವರಿಗೆ ಕಡ ಕೊಡಬಹುದಿತ್ತು, ಹೆಚ್ಚಿನ ಬಾಡಿಗೆ ಬಂದರೆ ಅದು ಸ್ಟುಡಿಯೋದ ಜೇಬಿಗೆ. ನಮ್ಮ ಕಡೆ ಸಾಲದ ಎತ್ತು ಎನ್ನುವುದಿಲ್ಲವೇ, ಅದೇ ಲೆಕ್ಕ. ಕೆಲಸ ಒಲ್ಲೆನೆಂದ ದಿನಗಳನ್ನು ಕರಾರಿನ ಕೊನೆಗೆ ಸೇರಿಸಿ ಎಳೆಯುವ ಪದ್ಧತಿಯೂ ಇತ್ತು. ನಟಿ ಒಲಿವಿಯಾ ಡಿ ಹ್ಯಾವಿಲೆಂಡ್ ಕೋರ್ಟಿಗೆ ಹೋಗಿ 1944ರಲ್ಲಿ ಗೆದ್ದ ಮೇಲೆ ಏಳು ವರ್ಷವೆಂದರೆ ಕ್ಯಾಲೆಂಡರಿನ ಏಳು ವರ್ಷ ಎಂದಾಯಿತು. 1948ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಸ್ಟುಡಿಯೋಗಳಿಗೂ ಅವುಗಳ ಥಿಯೇಟರ್‌ಗಳಿಗೂ ಇದ್ದ ಗಂಟನ್ನು ಬಿಡಿಸಿತು. ಅಲ್ಲಿಂದ ಮುಂದೆ ಸಂಬಳಕ್ಕೆ ನಟರನ್ನು ಇಟ್ಟುಕೊಳ್ಳುವುದು ಸ್ಟುಡಿಯೋಗಳಿಗೆ ಭಾರವಾಗತೊಡಗಿತು.

ಹಾಗಾಗಿ ಒಂದೇ ಸ್ಟುಡಿಯೋದ ಹೆಸರು ಐದಾರು ವರ್ಷ ಒಂದೇ ಸಮನೆ ಬಂದರೆ ಕರಾರಿನ ನಟ ಎಂದು ಊಹಿಸಿ. ಹೆಸರುಗಳು ಜಿಗಿಯುತ್ತಿದ್ದರೆ ಎರಡೇ ಅರ್ಥ, ಒಂದೋ ಬಿಡಿಯಾಗಿ ದುಡಿಯುತ್ತಿದ್ದಾನೆ, ಇಲ್ಲವೇ ಕಡ ಹೋಗಿದ್ದಾನೆ. ಪೋಷಕ ನಟ ಥಾಮಸ್ ಮಿಚೆಲ್‌ನ 1939ರ ಸಾಲುಗಳನ್ನು ಬರೆದು ನೋಡಿ: ವಾಲ್ಟರ್ ವೇಂಗರ್ ನಿರ್ಮಿಸಿ ಯುನೈಟೆಡ್ ಆರ್ಟಿಸ್ಟ್ಸ್ ಹಂಚಿದ ‘ಸ್ಟೇಜ್‌ಕೋಚ್’, ಕೊಲಂಬಿಯಾದ ‘ಓನ್ಲಿ ಏಂಜಲ್ಸ್ ಹ್ಯಾವ್ ವಿಂಗ್ಸ್’ ಮತ್ತು ‘ಮಿಸ್ಟರ್ ಸ್ಮಿತ್ ಗೋಸ್ ಟು ವಾಷಿಂಗ್ಟನ್’, ನಿರ್ಮಾಪಕ ಸೆಲ್ಜ್‌ನಿಕ್‌ನ ‘ಗಾನ್ ವಿತ್ ದ ವಿಂಡ್’, ಆರ್‌ಕೆಒದ ‘ದ ಹಂಚ್‌ಬ್ಯಾಕ್ ಆಫ್ ನೋತ್ರ ದಾಮ್’. ಒಂದೇ ವರ್ಷ ಐದು ಚಿತ್ರ. ನಾಯಕನಿಗೆ ಇದು ಆಗದ ಮಾತು, ಅವನು ಚಿತ್ರೀಕರಣದ ಪ್ರತಿದಿನ ಅಲ್ಲಿರಬೇಕು. ಪೋಷಕ ನಟನ ಕೆಲಸ ಕೆಲವು ದಿನ ಅಥವಾ ಕೆಲವು ವಾರಗಳದ್ದು.

ಟೈಟಲ್ ಕಾರ್ಡಿನ ಸ್ಥಾನವನ್ನು ಪಾತ್ರದ ತೂಕ ಎಂದು ತಿಳಿಯಬೇಡಿ. ಅದು ಏಜೆಂಟರ ಚೌಕಾಸಿಯಲ್ಲಿ ಕುದುರಿದ್ದು. ‘ಕಾಸಾಬ್ಲಾಂಕಾ’ದಲ್ಲಿ ಗ್ರೀನ್‌ಸ್ಟ್ರೀಟ್‌ನ ಹೆಸರು ಮೇಲಿದೆ, ಪಾತ್ರ ಸಣ್ಣದು. ‘ದ ಮೇಟಿಂಗ್ ಸೀಸನ್’ (1951) ತದ್ವಿರುದ್ಧ. ಮಗನ ಮನೆಗೆ ಬಂದ ತಾಯಿಯನ್ನು ಸೊಸೆ ಅಡುಗೆಯವಳೆಂದು ತಿಳಿಯುತ್ತಾಳೆ, ತಾಯಿ ಆ ವೇಷದಲ್ಲೇ ಉಳಿಯುತ್ತಾಳೆ. ಚಿತ್ರವನ್ನು ಹೊತ್ತವಳು ರಿಟರ್, ಆದರೂ ಆಕೆಯ ಹೆಸರು ನಾಯಕ ನಾಯಕಿಯರ ಹಿಂದೆ, ನಾಮನಿರ್ದೇಶನವೂ ಪೋಷಕ ವಿಭಾಗದಲ್ಲಿ. ಇಂಥ ಕಡೆ ಸ್ಥಾನದ ಅಂಕಿಗೂ ನಿಮಿಷದ ಅಂಕಿಗೂ ಕೆಂಪು ಶಾಯಿಯಲ್ಲಿ ಗೆರೆ ಹಾಕಿ. ಇನ್ನೊಂದು ಮಾತು: ಆ ಕಾಲದ ಚಿತ್ರಗಳಲ್ಲಿ ಹೆಸರುಗಳು ಮೊದಲಲ್ಲೇ ಬಂದುಹೋಗುತ್ತವೆ, ಅದೂ ಹತ್ತು ಹನ್ನೆರಡು ಮಾತ್ರ. ಯೂನಿವರ್ಸಲ್‌ನವರು ಒಳ್ಳೆಯ ತಾರಾಗಣವನ್ನು ಮತ್ತೊಮ್ಮೆ ಹೇಳಬೇಕು ಎಂಬರ್ಥದ ಸಾಲು ಹಾಕಿ ಕೊನೆಗೂ ಪಟ್ಟಿ ತೋರಿಸುತ್ತಿದ್ದರು. ಅಲ್ಲಿ ಪಾತ್ರದ ಹೆಸರೂ ಇರುತ್ತದೆ, ನಿಲ್ಲಿಸಿ ಬರೆದುಕೊಳ್ಳಿ.

ಅಳತೆ ಎಲ್ಲಿ ಕೆಡುತ್ತದೆ

ಮೊದಲ ಸಲ ಚಿತ್ರವನ್ನು ಸುಮ್ಮನೆ ನೋಡಿ. ಎರಡನೆಯ ಸಲ ಸ್ಟಾಪ್‌ವಾಚ್ ಹಿಡಿದು ಕೂತು, ಮುಖವಾಗಲಿ ಬೆನ್ನಾಗಲಿ ಧ್ವನಿಯಾಗಲಿ ಇರುವಷ್ಟು ಹೊತ್ತು ಒತ್ತಿ ಹಿಡಿಯಿರಿ. ಧ್ವನಿ ಮಾತ್ರ ಕೇಳಿದ್ದನ್ನು ಬೇರೆ ಬರೆದರೆ ಒಳ್ಳೆಯದು. ಒಬ್ಬರೇ ಎಣಿಸಿದರೆ ಹತ್ತು ನಿಮಿಷಕ್ಕೆ ಅರ್ಧ ನಿಮಿಷ ಹೆಚ್ಚುಕಡಿಮೆ ಆಗುತ್ತದೆ, ಅದಕ್ಕೆ ತಲೆ ಕೆಡಿಸಿಕೊಳ್ಳಬೇಡಿ.

ತಲೆ ಕೆಡಿಸಿಕೊಳ್ಳಬೇಕಾದದ್ದು ಬೇರೆ ಇದೆ. ಸಿನಿಮಾ ಓಡುವುದು ಸೆಕೆಂಡಿಗೆ 24 ಫ್ರೇಮಿನಂತೆ. ನಮ್ಮಲ್ಲಿ ಮಾರಾಟವಾದ ಹಳೆಯ ಡಿವಿಡಿಗಳಲ್ಲಿ ಅನೇಕವು ಪಾಲ್ (PAL) ಎಂಬ ಟಿವಿ ಪದ್ಧತಿಯವು, ಸೆಕೆಂಡಿಗೆ 25. ಅಂದರೆ ಚಿತ್ರ ನೂರಕ್ಕೆ 4ರಷ್ಟು ಬೇಗ ಮುಗಿಯುತ್ತದೆ. 112 ನಿಮಿಷದ ‘ರಿಯರ್ ವಿಂಡೋ’ ಅಂಥ ಡಿಸ್ಕಿನಲ್ಲಿ ಸುಮಾರು 107½ ನಿಮಿಷ. ನೋಡುವವರು ಸೀನು ಕತ್ತರಿಸಿದ್ದಾರೆ ಎಂದುಕೊಳ್ಳುತ್ತಾರೆ. ಧ್ವನಿಯೂ ತುಸು ಏರಿರುತ್ತದೆ, ಗೊಗ್ಗರು ಗಂಟಲಿನ ನಟನೊಬ್ಬ ತೆಳ್ಳಗೆ ಕೇಳಿಸಿದರೆ ಕಾರಣ ಇದೇ. ಪಾಲ್ ಡಿಸ್ಕಿನಲ್ಲಿ ಎಣಿಸಿದ ನಿಮಿಷವನ್ನು 25ರಿಂದ ಗುಣಿಸಿ 24ರಿಂದ ಭಾಗಿಸಿ ಬರೆಯಿರಿ.

ಇದಕ್ಕಿಂತ ದೊಡ್ಡ ಕಳ್ಳ ಟಿವಿಯ ‘ಜೂಮ್’ ಗುಂಡಿ. 1953ಕ್ಕಿಂತ ಹಿಂದಿನ ಚಿತ್ರಗಳ ಚೌಕಟ್ಟು ಅಗಲ 1.37ಕ್ಕೆ ಎತ್ತರ 1. ಈಗಿನ ಟಿವಿ 16:9. ಎರಡೂ ಪಕ್ಕದ ಕಪ್ಪು ಪಟ್ಟಿ ಕಣ್ಣಿಗೆ ಚುಚ್ಚುತ್ತದೆಂದು ಜೂಮ್ ಒತ್ತಿದಿರೋ, ಚಿತ್ರದ ಎತ್ತರದಲ್ಲಿ ನೂರಕ್ಕೆ 23 ಪಾಲು ಹೊರಟುಹೋಗುತ್ತದೆ. ಹೋಗುವುದು ತಲೆ ಮತ್ತು ಕೈ. ಪೋಷಕ ನಟನ ಬಂಡವಾಳವೇ ಕೈ. ಬಟ್ಟಲು ಒರೆಸುವುದು, ಸಿಗಾರ್ ಕಚ್ಚುವುದು, ಟೋಪಿ ತಿರುವುವುದು, ಎಲ್ಲವೂ ಚೌಕಟ್ಟಿನ ಕೆಳ ಅಂಚಿನಲ್ಲಿ ನಡೆಯುತ್ತವೆ. ಜೂಮ್ ಬದಲು ‘ಸ್ಟ್ರೆಚ್’ ಹಾಕಿದರೆ ಎಲ್ಲರೂ ಗಿಡ್ಡಗೆ ದಪ್ಪಗೆ ಕಾಣುತ್ತಾರೆ, ಗ್ರೀನ್‌ಸ್ಟ್ರೀಟ್‌ನಂಥ ಭಾರಿ ಆಳು ಪರದೆಯಲ್ಲಿ ಹಿಡಿಸುವುದೇ ಇಲ್ಲ. ಸಿನಿಮಾಸ್ಕೋಪ್ ಎಂಬ ಅಗಲ ಪರದೆ ಬಂದ ಮೇಲಿನ ಚಿತ್ರಗಳಿಗೆ ಉಲ್ಟಾ ತೊಂದರೆ. 2.35 ಅಗಲದ್ದನ್ನು ಹಳೆಯ ಟಿವಿಗೆಂದು 4:3ಕ್ಕೆ ಕತ್ತರಿಸಿದ ಪ್ರತಿಯಲ್ಲಿ ಅಗಲದ ನೂರಕ್ಕೆ 43 ಪಾಲು ಮಾಯ. ನಾಯಕ ನಡುವೆ ಉಳಿಯುತ್ತಾನೆ, ಬಾಗಿಲ ಬಳಿ ನಿಂತು ಮುಖದಲ್ಲೇ ಉತ್ತರ ಕೊಡುತ್ತಿದ್ದವನು ಗೋಡೆಯಾಚೆ ಹೋಗಿರುತ್ತಾನೆ. ಅಂಥ ಪ್ರತಿಯಿಂದ ಖಾತೆ ಬರೆಯಲೇಬೇಡಿ.

ಕಪ್ಪುಬಿಳುಪಿಗೆ ಆಮೇಲೆ ಬಣ್ಣ ಬಳಿದ ಪ್ರತಿಗಳನ್ನೂ ಬಿಡಿ. ಬೆಳಕು ಯಾರ ಮುಖದ ಮೇಲೆ ಬಿದ್ದಿತ್ತು, ಯಾರನ್ನು ನೆರಳಿನಲ್ಲಿ ಬಿಟ್ಟಿದ್ದರು ಎಂಬುದು ಅಲ್ಲಿ ಅಳಿಸಿಹೋಗಿರುತ್ತದೆ.

ಕೆಲಸದ ಕಾಲಂ ತುಂಬುವುದು

ಟೆಂಟು ಹೊಡೆದ ಕಂಪನಿ ನಾಟಕ ನೋಡಿ ಬೆಳೆದವರಿಗೆ ಇದು ಬೇಗ ಹಿಡಿಸುತ್ತದೆ. ಅಲ್ಲಿ ಖಳ ಪಾರ್ಟು, ಹಾಸ್ಯ ಪಾರ್ಟು ಎಂದು ನಟನಿಗೂ ಪಾತ್ರಕ್ಕೂ ಮೊದಲೇ ನಂಟು ಹಾಕಿರುತ್ತಾರೆ. ಹಾಲಿವುಡ್ಡಿನಲ್ಲೂ ಹಾಗೇ. 1937ರಿಂದ ಆಸ್ಕರ್ ಕೊಡುವ ಅಕಾಡೆಮಿಯವರೇ ನಟರ ಫೋಟೋ ಸೂಚಿ ಅಚ್ಚು ಹಾಕಿಸುತ್ತಿದ್ದರು. ಪಾತ್ರ ಹಂಚುವವರು ಪುಟ ತಿರುವಿ ಮುಖ ಆರಿಸುತ್ತಿದ್ದರು. ಬಟ್ಲರ್ ಬೇಕೆ, ಜಡ್ಜ್ ಬೇಕೆ, ಹಳ್ಳಿಯ ಮುದುಕ ಬೇಕೆ, ಮುಖ ಸಿದ್ಧವಿತ್ತು.

ಆದರೆ ‘ಬಟ್ಲರ್’ ಎಂದು ಬರೆದರೆ ಕೆಲಸದ ಕಾಲಂ ತುಂಬಿದಂತಲ್ಲ, ಅದು ವೇಷ. ಕೆಲಸ ಎಂದರೆ ಈ ಮನುಷ್ಯ ಇಲ್ಲದಿದ್ದರೆ ಕತೆಯಲ್ಲಿ ಏನು ಮುರಿಯುತ್ತಿತ್ತು ಎಂಬುದು. ‘ರಿಯರ್ ವಿಂಡೋ’ದಲ್ಲಿ ರಿಟರ್‌ನ ಸ್ಟೆಲ್ಲಾ ಕಾಲು ಮುರಿದು ಮನೆಯಲ್ಲಿ ಕೂತ ನಾಯಕನಿಗೆ ವಿಮಾ ಕಂಪನಿ ಕಳಿಸಿದ ನರ್ಸ್. ಥರ್ಮಾಮೀಟರ್ ಇಟ್ಟು, ಬೆನ್ನು ತಿಕ್ಕುತ್ತಾ, ಪಕ್ಕದ ಮನೆಗಳಿಗೆ ಇಣುಕುವುದು ತಪ್ಪು ಎಂದು ಬೈಯುತ್ತಾಳೆ. ನೋಡುಗರ ಮನಸ್ಸಿನಲ್ಲಿರುವ ಮುಜುಗರವನ್ನು ಮೊದಲೇ ಹೊರಗೆ ಹಾಕುವುದು ಅವಳ ಮೊದಲ ಕೆಲಸ. ಆಮೇಲೆ ಅವಳೂ ಕಿಟಕಿಗೆ ಬಂದು ನಿಲ್ಲುತ್ತಾಳೆ. ಬೈದವಳೇ ನೋಡತೊಡಗಿದ ಮೇಲೆ ನೋಡುಗರಿಗೆ ಅಳುಕಿಲ್ಲ. ಇದು ಎರಡನೆಯ ಕೆಲಸ. ಕಾಲಂನಲ್ಲಿ ಹೀಗೆ ಎರಡು ಸಾಲು ಬರೆಯಿರಿ.

‘ಆಲ್ ಅಬೌಟ್ ಈವ್’ನ (1950) ಬರ್ಡಿಯನ್ನು ನೋಡಿ. ಈವ್ ಎಂಬ ಹುಡುಗಿಯನ್ನು ಎಲ್ಲರೂ ಮೆಚ್ಚಿಕೊಂಡಾಗ ಅನುಮಾನ ಪಡುವ ಮೊದಲಿಗಳು. ನಡುವೆ ಎಲ್ಲೋ ಬರ್ಡಿ ಚಿತ್ರದಿಂದಲೇ ಮರೆಯಾಗುತ್ತಾಳೆ, ಯಾರೂ ಅವಳ ಸುದ್ದಿ ಎತ್ತುವುದಿಲ್ಲ. ಮೊದಲ ಸಲ ನೋಡಿದವರು ಇದನ್ನು ದೋಷ ಎನ್ನುತ್ತಾರೆ. ಖಾತೆಯಲ್ಲಿ ಬರೆದಾಗ ಕಾರಣ ತಿಳಿಯುತ್ತದೆ: ಅನುಮಾನ ಈಗ ನೋಡುಗರಿಗೆ ಸಾಗಿದೆ, ಹೊತ್ತು ತಂದವಳ ಕೆಲಸ ಮುಗಿದಿದೆ. ಕೊನೆಗೆ ಕಾಣಿಸಿದ ಹೊತ್ತಿನ ಕಾಲಂ ಇಟ್ಟದ್ದು ಇದಕ್ಕೇ.

1953ರ ‘ಪಿಕಪ್ ಆನ್ ಸೌತ್ ಸ್ಟ್ರೀಟ್’ನಲ್ಲಿ ಅದೇ ಮುಖ, ಬೇರೆ ಲೆಕ್ಕ. ಮೋ ಎಂಬ ಮುದುಕಿ ಟೈ ಮಾರುತ್ತಾಳೆ, ಪೊಲೀಸರಿಗೆ ಸುದ್ದಿಯನ್ನೂ ಮಾರುತ್ತಾಳೆ. ಕೂಡಿಟ್ಟ ಹಣ ತನ್ನ ಮಣ್ಣಿಗೆ, ಒಳ್ಳೆಯ ಕಡೆ ಹೂಳಿಸಿಕೊಳ್ಳಲು. ರಿಟರ್‌ನ ಎಲ್ಲ ಚಿತ್ರಗಳಲ್ಲಿ ಒಂದನ್ನೇ ನೋಡಲು ಸಮಯವಿದ್ದರೆ ನಾವು ಇದನ್ನೇ ಹೇಳುತ್ತೇವೆ, ಅದರಲ್ಲೂ ರೆಕಾರ್ಡು ತಿರುಗುತ್ತಿರುವ ಕೋಣೆಯಲ್ಲಿ ಹಾಸಿಗೆಯ ಮೇಲೆ ಕೂತ ಆ ಸೀನು. ಮನೆಗೆಲಸದವಳು, ನರ್ಸು, ತಾಯಿ ಎಂದು ಬಂದ ಅಚ್ಚು ಇಲ್ಲಿ ಮುರಿಯುತ್ತದೆ, ಧ್ವನಿ ಮಾತ್ರ ಅದೇ ಬ್ರೂಕ್ಲಿನ್ ಗಲ್ಲಿಯದು.

ಮಿಚೆಲ್‌ನ 1939ನ್ನು ಇಟ್ಟುಕೊಂಡು ಇನ್ನೊಂದು ಅಭ್ಯಾಸ ಮಾಡಬಹುದು. ‘ಸ್ಟೇಜ್‌ಕೋಚ್’ನ ಡಾಕ್ಟರ್ ಬೂನ್ ಕುಡುಕ, ‘ಮಿಸ್ಟರ್ ಸ್ಮಿತ್’ನ ವರದಿಗಾರ ಡಿಜ್ ಕೂಡ ಕುಡುಕ. ಇಬ್ಬರ ನಡಿಗೆಯನ್ನು ಮಾತು ತೆಗೆದು, ಮ್ಯೂಟ್ ಮಾಡಿ ನೋಡಿ. ಡಾಕ್ಟರ್ ತನ್ನ ಅಮಲನ್ನು ಡೌಲಾಗಿ ಹೊತ್ತು ನಡೆಯುತ್ತಾನೆ, ಯಾಕೆಂದರೆ ಹೆರಿಗೆಯ ಹೊತ್ತಿಗೆ ಕಾಫಿ ಕುಡಿದು ಕುಡಿದು ಅದನ್ನು ಇಳಿಸುವುದನ್ನು ತೋರಿಸಬೇಕಿದೆ. ಏರಿದ್ದು ಕಂಡಿದ್ದರೆ ತಾನೆ ಇಳಿದದ್ದು ಕಾಣುವುದು? ಡಿಜ್‌ಗೆ ಇಳಿಯುವ ಸೀನು ಇಲ್ಲ, ಅವನು ಸಡಿಲವಾಗಿಯೇ ಇರುತ್ತಾನೆ. ಆ ವರ್ಷದ ಪೋಷಕ ನಟ ಆಸ್ಕರ್ ಡಾಕ್ಟರಿಗೆ ಸಿಕ್ಕಿತು.

ಆಸ್ಕರ್ ಬಗ್ಗೆ ಒಂದು ಎಚ್ಚರಿಕೆ. ಪೋಷಕ ನಟರ ಪ್ರಶಸ್ತಿ ಶುರುವಾದದ್ದೇ 1936ರ ಚಿತ್ರಗಳಿಂದ, ಅದಕ್ಕೆ ಹಿಂದಿನ ಖಾತೆಯಲ್ಲಿ ಅದು ಕಾಣದಿದ್ದರೆ ನಟ ಕಡಿಮೆಯವನೇನಲ್ಲ. ಮೊದಲ ವರ್ಷಗಳಲ್ಲಿ ಇವರಿಗೆ ಕೊಡುತ್ತಿದ್ದದ್ದು ಮೂರ್ತಿಯಲ್ಲ, ಫಲಕ. ಪೂರ್ಣ ಮೂರ್ತಿ ಬಂದದ್ದು 1943ರ ಚಿತ್ರಗಳಿಂದ. ಆಗ ಎಕ್ಸ್‌ಟ್ರಾಗಳಿಗೂ ಮತವಿತ್ತು. ಬ್ರೆನನ್ ಅವರ ನಡುವಿನಿಂದಲೇ ಎದ್ದು ಬಂದವನು, ಮೂರು ಗೆಲುವಿಗೆ ಅದೂ ಒಂದು ಬಲ. ಹ್ಯಾಟಿ ಮೆಕ್‌ಡೇನಿಯಲ್ ‘ಗಾನ್ ವಿತ್ ದ ವಿಂಡ್’ಗೆ ಗೆದ್ದು, ಆಸ್ಕರ್ ಪಡೆದ ಮೊದಲ ಆಫ್ರಿಕನ್ ಅಮೆರಿಕನ್ ಆದಳು. 1940ರ ಫೆಬ್ರುವರಿ 29ರ ರಾತ್ರಿ ಅದೇ ಸಮಾರಂಭದಲ್ಲಿ ಆಕೆಯನ್ನು ಚಿತ್ರತಂಡದಿಂದ ದೂರ, ಬೇರೆ ಮೇಜಿಗೆ ಕೂರಿಸಿದ್ದರು. ಆಕೆಯ ಖಾತೆಯಲ್ಲಿ ಗೆಲುವಿನ ನಂತರದ ಪುಟ ತಿರುವಿ: ಮತ್ತೆ ಮನೆಗೆಲಸದವಳು, ಮತ್ತೆ ಮನೆಗೆಲಸದವಳು. ಅದನ್ನು ಒಂದೊಂದು ಸಾಲಾಗಿಯೇ ಬರೆಯಿರಿ, ‘ಇತ್ಯಾದಿ’ ಹಾಕಿ ಮುಗಿಸಬೇಡಿ.

ಕಾಗದಪತ್ರ

ಚಿತ್ರಗಳ ಪಟ್ಟಿಗೆ ಅಮೆರಿಕನ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನ ಕ್ಯಾಟಲಾಗನ್ನು ಮೊದಲು ನೋಡಿ, ಆಮೇಲೆ ಐಎಂಡಿಬಿ ಎಂಬ ಜಾಲತಾಣ. ಐಎಂಡಿಬಿಯಲ್ಲಿ ಹೆಸರಿಲ್ಲದ ಪಾತ್ರಗಳ ಮಾಹಿತಿ ಬಹಳಷ್ಟು ನೋಡುಗರೇ ಸೇರಿಸಿದ್ದು. ಸ್ವಂತ ಕಣ್ಣಿಂದ ಮುಖ ಕಾಣುವ ತನಕ ಪೆನ್ಸಿಲ್‌ನಲ್ಲಿ ಬರೆಯಿರಿ, ಕಂಡ ಮೇಲೆ ಪೆನ್ನಿನಲ್ಲಿ. ‘ವೆರೈಟಿ’, ‘ಫಿಲ್ಮ್ ಡೈಲಿ’, ‘ಫೋಟೋಪ್ಲೇ’ಗಳ ಹಳೆಯ ಸಂಚಿಕೆಗಳು ಮೀಡಿಯಾ ಹಿಸ್ಟರಿ ಡಿಜಿಟಲ್ ಲೈಬ್ರರಿಯಲ್ಲಿ ಉಚಿತವಾಗಿ ಸಿಗುತ್ತವೆ. ಸ್ಕ್ಯಾನ್ ಓದುವ ಯಂತ್ರ ಅಕ್ಷರ ತಪ್ಪು ಓದಿರುತ್ತದೆ, ಹಾಗಾಗಿ ಪೂರ್ಣ ಹೆಸರಿನಿಂದ ಸಿಗದಿದ್ದರೆ ಅಡ್ಡಹೆಸರನ್ನೋ ಚಿತ್ರದ ಹೆಸರನ್ನೋ ಹಾಕಿ ಹುಡುಕಿ. ಸ್ಟುಡಿಯೋದ ಪ್ರಚಾರ ವಿಭಾಗ ಬರೆದದ್ದನ್ನು ನಂಬಬೇಡಿ. ವಯಸ್ಸಂತೂ ಯಾರದೂ ಸರಿ ಇರುವುದಿಲ್ಲ. ರಿಟರ್ ಹುಟ್ಟಿದ್ದು 1902 ಎಂದೂ ಇದೆ, 1905 ಎಂದೂ ಇದೆ.

1950ರ ನಂತರದ ಸಾಲುಗಳು ತೆಳುವಾದರೆ ಕೆಲಸ ನಿಂತಿತೆಂದು ಖಾತೆ ಮುಚ್ಚಬೇಡಿ, ಟಿವಿಯ ಕಡೆ ನೋಡಿ. ಬ್ರೆನನ್ 1957ರಿಂದ ‘ದ ರಿಯಲ್ ಮೆಕಾಯ್ಸ್’ನಲ್ಲಿ, ಅದೇ ವರ್ಷದಿಂದ ವಾರ್ಡ್ ಬಾಂಡ್ ‘ವ್ಯಾಗನ್ ಟ್ರೇನ್’ನಲ್ಲಿ. ಸಿನಿಮಾದಲ್ಲಿ ಬದಿಗೆ ನಿಂತ ಮುಖಗಳು ಅಲ್ಲಿ ನಡುವಿಗೆ ಬಂದವು. ಇದಕ್ಕೆ ಪುಸ್ತಕದ ಹಿಂದಿನಿಂದ ಬೇರೆ ಪುಟ ತೆರೆಯಿರಿ.

ನಾಲ್ಕು ಮಂದಿಗೆ ತೋರಿಸುವುದು

ಖಾತೆ ಮುಗಿದ ಮೇಲೆ ಒಂದು ಸಂಜೆ ಇಟ್ಟುಕೊಳ್ಳಿ. ಮನೆಯ ಪಡಸಾಲೆಯಾದರೂ ಆದೀತು, ಕಾಲೇಜಿನ ಒಂದು ಕೋಣೆಯಾದರೂ ಆದೀತು, 25 ಜನಕ್ಕೆ ಸಾಕು. ಮಾರ್ಚ್ ಕೊನೆಯಿಂದ ಜೂನ್ ಮೊದಲ ವಾರದವರೆಗೆ ಕಲಬುರಗಿಯಲ್ಲಿ ಏಳೂವರೆಗೆ ಮುಂಚೆ ಶುರು ಮಾಡಬೇಡಿ. ಗೋಡೆ ಇನ್ನೂ ಕಾದಿರುತ್ತದೆ, ಕಿಟಕಿ ಮುಚ್ಚಿದರೆ ಜನ ಬೇಯುತ್ತಾರೆ, ತೆರೆದರೆ ಬೆಳಕು ಒಳಗೆ ಬರುತ್ತದೆ. ಪ್ರೊಜೆಕ್ಟರಿಗೂ ಸೆಕೆ ಆಗದು, ಗಾಳಿ ಬಿಡುವ ಪಕ್ಕಕ್ಕೆ ಒಂದು ಅಡಿ ಜಾಗ ಬಿಟ್ಟು ಇಡಿ.

ಆರು ಅಡಿ ಅಗಲ, ನಾಲ್ಕೂವರೆ ಅಡಿ ಎತ್ತರದ ಚಿತ್ರ ಬೇಕು. 16:9 ಪ್ರೊಜೆಕ್ಟರಾದರೆ ಬೆಳಕಿನ ಚೌಕ ಎಂಟು ಅಡಿ ಅಗಲ ಬರುತ್ತದೆ, ಎರಡೂ ಪಕ್ಕ ಒಂದೊಂದು ಅಡಿ ಕಪ್ಪು. ಅದನ್ನು ಹಾಗೇ ಬಿಡಿ. ಹೊಳಪಿಲ್ಲದ ಬಿಳಿ ಸುಣ್ಣದ ಗೋಡೆ ಸಾಕು, ಡಿಸ್ಟೆಂಪರ್ ಹೊಳೆಯುತ್ತಿದ್ದರೆ ಬಿಳಿ ಧೋತರ ಬಿಗಿದು ಕಟ್ಟಿ.

ಕರೆಂಟು ಹೋಗುತ್ತದೆ ಎಂದೇ ಲೆಕ್ಕ ಹಾಕಿ. ಪ್ರೊಜೆಕ್ಟರ್ 280 ವ್ಯಾಟ್, ಲ್ಯಾಪ್‌ಟಾಪ್ 60, ಸ್ಪೀಕರ್ 40, ಒಟ್ಟು 380. 12 ವೋಲ್ಟ್ 150 ಆಂಪಿಯರ್ ಅವರ್ ಬ್ಯಾಟರಿಯಲ್ಲಿ ಕಾಗದದ ಮೇಲೆ 1800 ವ್ಯಾಟ್ ಅವರ್ ಇದ್ದರೂ ಕೈಗೆ ಸಿಗುವುದು ಸಾವಿರದ ಆಸುಪಾಸು, ಅಂದರೆ ಎರಡೂವರೆ ತಾಸು. ಅದೇ ಇನ್ವರ್ಟರಿಗೆ ಫ್ಯಾನು ಜೋಡಿಸಿದರೆ ಬೇಗ ಮುಗಿಯುತ್ತದೆ. ಇನ್ವರ್ಟರ್ ಸೈನ್ ವೇವ್‌ದು ಇರಲಿ. ಸ್ಕ್ವೇರ್ ವೇವ್‌ದಾದರೆ ಸ್ಪೀಕರಿನಲ್ಲಿ ಗುಂಯ್ ಎನ್ನುವ ಸದ್ದು ಸೇರುತ್ತದೆ, 1940ರ ಧ್ವನಿಪಟ್ಟಿಯಲ್ಲಿ ಮೊದಲೇ ಗೊರಗೊರ ಇರುತ್ತದೆ. ದೀಪದ ಪ್ರೊಜೆಕ್ಟರ್ ನಡುವೆ ಆರಿದರೆ ತಕ್ಷಣ ಹೊತ್ತಿಸಬೇಡಿ, ದೀಪ ತಣ್ಣಗಾಗುವವರೆಗೆ ಕೆಲವು ನಿಮಿಷ ಬಿಡಿ. ಚಾ ಆಗ ಕೊಡಿ.

ಹಕ್ಕಿನ ಮಾತು. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 26ನೇ ಕಲಂ ಪ್ರಕಾರ ಚಲನಚಿತ್ರದ ಹಕ್ಕು ಪ್ರಕಟವಾದ ಮುಂದಿನ ವರ್ಷದಿಂದ 60 ವರ್ಷ. ಆ ಅವಧಿ ಮುಗಿದಿದೆ ಎಂದು ಟಿಕೆಟ್ ಇಟ್ಟು ಸಾರ್ವಜನಿಕ ಪ್ರದರ್ಶನ ಮಾಡಲು ಹೋಗಬೇಡಿ, ಅದಕ್ಕೆ ಸೆನ್ಸಾರ್ ಮಂಡಳಿಯ ಪ್ರಮಾಣಪತ್ರ ಬೇಕು. ಚಂದಾ ಕಟ್ಟಿ ನೋಡುವ ಆ್ಯಪ್‌ಗಳ ಕರಾರು ಕೂಡ ಗುಂಪಿಗೆ ತೋರಿಸಲು ಬಿಡುವುದಿಲ್ಲ.

ಇಡೀ ಚಿತ್ರ ಬೇಡ. ನಾಲ್ಕರಿಂದ ಆರು ನಿಮಿಷದ ಆರು ತುಣುಕು, ನಡುನಡುವೆ ಮಾತು, ಒಟ್ಟು 90 ನಿಮಿಷ. ಹೆಸರಿಲ್ಲದ ಪಾತ್ರದಿಂದ ಶುರು ಮಾಡಿ.

ಕನ್ನಡ ಸಬ್‌ಟೈಟಲ್ ಬರೆಯುವುದಾದರೆ ಎರಡೇ ಸಾಲು, ಸಾಲಿಗೆ ಐದಾರು ಪದ. ‘ನುಡಿ’, ‘ಬರಹ’ ತಂತ್ರಾಂಶಗಳ ಹಳೆಯ ಫಾಂಟಿನಲ್ಲಿ ಟೈಪ್ ಮಾಡಿದ್ದು ಪರದೆಯ ಮೇಲೆ ಇಂಗ್ಲಿಷ್ ಕಸವಾಗಿ ಬರುತ್ತದೆ. ಯೂನಿಕೋಡಿಗೆ ಬದಲಿಸಿ, ಯುಟಿಎಫ್-8ರಲ್ಲಿ ಉಳಿಸಿ, ವಿಎಲ್‌ಸಿಯ ಸೆಟಿಂಗಿನಲ್ಲಿ ಕನ್ನಡ ಫಾಂಟ್ ಆರಿಸಿ. ಒತ್ತಕ್ಷರ ಬಿಡಿಬಿಡಿಯಾಗಿ ಕಂಡರೆ ಫಾಂಟ್ ಬದಲಿಸಬೇಕು, ಫೈಲಿನಲ್ಲಿ ತಪ್ಪಿಲ್ಲ. 24 ಫ್ರೇಮಿನ ಪ್ರತಿಗೆ ಬರೆದ ಸಬ್‌ಟೈಟಲ್ ಪಾಲ್ ಡಿಸ್ಕಿಗೆ ಹಾಕಿದರೆ ಮೊದಲು ಸರಿ ಇದ್ದು ಬರುಬರುತ್ತಾ ಹಿಂದೆ ಬೀಳುತ್ತದೆ, ‘ರಿಯರ್ ವಿಂಡೋ’ದ ಕೊನೆಗೆ ನಾಲ್ಕೂವರೆ ನಿಮಿಷ. ಜಿ, ಎಚ್ ಕೀಗಳಿಂದ ಸರಿಸುವುದು ಒಂದೇ ಸಮನಾದ ವ್ಯತ್ಯಾಸಕ್ಕೆ ಮಾತ್ರ, ಇದಕ್ಕೆ ವೇಗವನ್ನೇ ಬದಲಿಸಬೇಕು.

ರಿಟರ್‌ನ ಮಾತನ್ನು ಪುಸ್ತಕದ ಕನ್ನಡದಲ್ಲಿ ಬರೆದರೆ ಸತ್ತುಹೋಗುತ್ತದೆ. ಆಕೆಯದು ಓಣಿಯ ಬಾಯಿ. ಸ್ಟೆಲ್ಲಾ ತನ್ನ ರೋಗಿಗೆ ‘ರೀ’ ಎನ್ನುವವಳೇ, ಆದರೆ ಅದು ಗದರಿಸುವ ‘ರೀ’. “ಏನ್ ನೋಡ್ಲಕತ್ತೀರಿ ಅಲ್ಲಿ, ಮಕ್ಕೊಳ್ರಿ ಸುಮ್ಮ” ಎಂದರೆ ಕೂತವರು ನಗುತ್ತಾರೆ, ನಕ್ಕ ಮೇಲೆ ಆಕೆಯ ಮುಖ ನೋಡುತ್ತಾರೆ. ಮೋ ಮಾತ್ರ ಎಲ್ಲರಿಗೂ ‘ನೀ’.

ಬಂದವರು ಅಭ್ಯಾಸಬಲದಿಂದ ‘ರಿಯರ್ ವಿಂಡೋ’ದ ನಾಯಕ ಜೇಮ್ಸ್ ಸ್ಟೂವರ್ಟನ್ನೇ ನೋಡುತ್ತಾರೆ, ತಪ್ಪೇನಿಲ್ಲ, ಚಿತ್ರ ಮಾಡಿರುವುದೇ ಹಾಗೆ. ಅದಕ್ಕೆ ಬಾಗಿಲಲ್ಲೇ ಒಂದೊಂದು ಚೀಟಿ ಕೊಡಿ. ಒಬ್ಬರಿಗೆ ‘ಕೈ ಮಾತ್ರ ನೋಡಿ’, ಒಬ್ಬರಿಗೆ ‘ಮಾತಿಲ್ಲದಾಗ ಏನು ಮಾಡುತ್ತಾರೆ’, ಒಬ್ಬರಿಗೆ ‘ಯಾವ ಕಡೆಯಿಂದ ಬಂದು ಯಾವ ಕಡೆ ಹೋದರು’. ನಾಟಕದವರಿದ್ದರೆ ಮಾತಿಲ್ಲದ ಚೀಟಿ ಅವರಿಗೇ ಕೊಡಿ. ಎಸ್. ಎಂ. ಪಂಡಿತ್ ರಂಗಮಂದಿರದ ಹಿಂದಿನ ಸಾಲಿಗೆ ಮುಟ್ಟುವಂತೆ ತಿರುಗಿ ನಿಂತು ಕೇಳಿಸಿಕೊಳ್ಳುವುದಕ್ಕೂ ಕ್ಯಾಮರಾದ ಮುಂದೆ ರೆಪ್ಪೆಯಲ್ಲಿ ಕೇಳಿಸಿಕೊಳ್ಳುವುದಕ್ಕೂ ಇರುವ ಅಂತರ ಅವರೇ ಚೆನ್ನಾಗಿ ಹೇಳುತ್ತಾರೆ. ಪಂಡಿತರ ಹೆಸರು ಬಂದಾಗ ಒಂದು ಮಾತು ತಿಳಿಸಿ: ಕಲಬುರಗಿಯಲ್ಲಿ 1916ರಲ್ಲಿ ಹುಟ್ಟಿದ ಈ ಕಲಾವಿದರು ಮುಂಬೈಯಲ್ಲಿ ಹಾಲಿವುಡ್ಡಿನ ಎಂಜಿಎಂ ಸ್ಟುಡಿಯೋದ ಚಿತ್ರಗಳಿಗೆ ಶೋಕಾರ್ಡ್ (ಪ್ರಚಾರದ ಚಿತ್ರಫಲಕ) ಬರೆದವರು. ಪೋಸ್ಟರಿನಲ್ಲಿ ಯಾರ ಮುಖ ದೊಡ್ಡದು, ಯಾರದು ಮೂಲೆಯಲ್ಲಿ ಎಂಬ ಅಳತೆ ಅವರ ಕುಂಚಕ್ಕೂ ಗೊತ್ತಿತ್ತು.

ತುಣುಕುಗಳು ಮುಗಿದ ಮೇಲೆ ಖಾತೆ ಪುಸ್ತಕವನ್ನು ಮೇಜಿನ ಮೇಲೆ ತೆರೆದಿಡಿ. ಚೀಟಿಯಲ್ಲಿ ಬರೆದು ತಂದದ್ದನ್ನು ಆಯಾ ಚಿತ್ರದ ಸಾಲಿನ ಎದುರು ಪೆನ್ಸಿಲ್‌ನಲ್ಲಿ ಸೇರಿಸಿ, ಮನೆಗೆ ಹೋಗಿ ಮತ್ತೊಮ್ಮೆ ನೋಡಿ, ಸರಿ ಎನಿಸಿದ್ದನ್ನು ಪೆನ್ನಿನಲ್ಲಿ ತಿದ್ದಿ.